ಅಪ್ಪ ಮಾಡಿಕೊಂಡ ಮರುಕ್ರಯದ ಕರಾರು ಮಕ್ಕಳಿಗೂ ಬರುತ್ತದೆಯೇ?

ಪ್ರಶ್ನೆ: ನಾವು ತೀರ್ಥಹಳ್ಳಿ ತಾಲ್ಲೂಕಿನವರು. 2016ರ ಮೇ ತಿಂಗಳಲ್ಲಿ ನಮ್ಮ ತಂದೆ ನನ್ನ ತಂಗಿಯ ಮದುವೆಯ ಸಾಲ ತೀರಿಸಲು ಎರಡು ಎಕರೆ ಅಡಿಕೆ ತೋಟವನ್ನು ತಮ್ಮ ಸೋದರತ್ತೆಯ ಮಗನಿಗೆ (ನಮಗೆ ಅವರು ಮಾವ) 14 ಲಕ್ಷ ರೂಪಾಯಿಗೆ ಕ್ರಯ ಮಾಡಿಕೊಟ್ಟರು. ಕ್ರಯಪತ್ರ ರಿಜಿಸ್ಟರ್ ಆಗಿದೆ. ಅದೇ ದಿನ 200 ರೂಪಾಯಿಯ ಇ-ಸ್ಟಾಂಪ್ ಪೇಪರಿನಲ್ಲಿ ಮಾವ ಬೇರೆ ಒಂದು ಕರಾರು ಬರೆದು ಸಹಿ ಹಾಕಿದ್ದಾರೆ. ‘12 ವರ್ಷದೊಳಗೆ ನೀವು 14 ಲಕ್ಷವನ್ನು ಒಂದೇ ಗಂಟಿನಲ್ಲಿ ಕೊಟ್ಟರೆ ಜಮೀನನ್ನು ನಿಮಗೆ ತಿರುಗಿ ಕ್ರಯ ಮಾಡಿಕೊಡುತ್ತೇನೆ’ ಎಂದು ಅದರಲ್ಲಿದೆ. ಅದು ರಿಜಿಸ್ಟರ್ ಆಗಿಲ್ಲ. ಅಪ್ಪ 2021ರಲ್ಲಿ ತೀರಿಕೊಂಡರು. ಈಗ ಹಣ ಹೊಂದಿಸಿಕೊಂಡು ಹೋದರೆ ಮಾವ, ‘ಮಾತು ಕೊಟ್ಟದ್ದು ನಿಮ್ಮಪ್ಪನಿಗೆ, ನಿಮಗಲ್ಲ. ಅವನ ಜೊತೆಗೇ ಅದು ಮುಗಿಯಿತು’ ಎನ್ನುತ್ತಾರೆ. ಅವರ ಮಗ ತೋಟವನ್ನು ಶಿವಮೊಗ್ಗದವರಿಗೆ ಮಾರಲು ಓಡಾಡುತ್ತಿದ್ದಾನೆ ಎಂದೂ ಕೇಳಿದೆವು. ಅಮ್ಮ ಇದ್ದಾರೆ. ನಾವು ಇಬ್ಬರು ಗಂಡುಮಕ್ಕಳು, ಒಬ್ಬಳು ತಂಗಿ. ಅಣ್ಣ ಅಮೆರಿಕದಲ್ಲಿದ್ದಾನೆ. ನಮಗೆ ತೋಟ ವಾಪಸ್ ಸಿಗುತ್ತದೆಯೇ?

ಉತ್ತರ: ನಿಮ್ಮ ಮಾವ ಹೇಳಿದ ಮಾತು ಕಾನೂನಿನ ಪ್ರಕಾರ ತಪ್ಪು. ಅಪ್ಪನ ಹಕ್ಕು ನಿಮಗೆ ಬಂದಿದೆ. ಆದರೆ ಅಪ್ಪನಿಗೆ ಇದ್ದ ಗಡುವೂ ಅದರ ಜೊತೆಗೇ ಬಂದಿದೆ. ನನಗೆ ಭಯ ಇರುವುದು ಈ ಎರಡನೆಯ ವಿಷಯದಲ್ಲಿ. 2028ರ ಮೇ ದೂರ ಇದೆ ಅನ್ನಿಸಬಹುದು. ಸಂಬಂಧಿಕರ ಮಧ್ಯೆ ಎರಡು ದೀಪಾವಳಿ, ಒಂದು ಮದುವೆ, ಒಂದು ತಿಥಿ ಕಳೆಯುವಷ್ಟರಲ್ಲಿ ಅದು ಬಂದೇಬಿಡುತ್ತದೆ.

ಮೊದಲು ಹಕ್ಕಿನ ಮಾತು. 1872ರ ಕರಾರು ಕಾಯ್ದೆಯ 37ನೇ ಕಲಂ ಹೀಗೆ ಹೇಳುತ್ತದೆ: ಮಾತು ಕೊಟ್ಟವನು ಅದನ್ನು ನಡೆಸುವ ಮೊದಲೇ ಸತ್ತರೆ ಆ ಮಾತು ಅವನ ವಾರಸುದಾರರನ್ನು ಕಟ್ಟಿಹಾಕುತ್ತದೆ. ಕರಾರಿನಲ್ಲೇ ಬೇರೆ ಉದ್ದೇಶ ಕಂಡರೆ ಮಾತ್ರ ಇದಕ್ಕೆ ವಿನಾಯಿತಿ. ಮಾತು ಪಡೆದವನು ಸತ್ತರೆ ಅವನ ವಾರಸುದಾರರು ಕೋರ್ಟಿಗೆ ಹೋಗಬಹುದು ಎಂದು 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 15ನೇ ಕಲಂ ಹೇಳುತ್ತದೆ. ಚಿತ್ರ ಬರೆದುಕೊಡುತ್ತೇನೆ, ಹಾಡುತ್ತೇನೆ ಎಂಬಂಥ ಕರಾರಿನಲ್ಲಿ ಆ ವ್ಯಕ್ತಿಯೇ ಮುಖ್ಯ. ಅವನು ಹೋದರೆ ಕರಾರೂ ಹೋಯಿತು. 14 ಲಕ್ಷ ಕೊಟ್ಟು ಎರಡು ಎಕರೆ ಬರೆಸಿಕೊಳ್ಳುವುದರಲ್ಲಿ ಅಂಥ ಯಾವ ವಿಶೇಷವೂ ಇಲ್ಲ. ಅಪ್ಪ ಕೊಟ್ಟರೂ 14 ಲಕ್ಷ, ನೀವು ಕೊಟ್ಟರೂ 14 ಲಕ್ಷ.

ಇದು ಹಳೆಯ ತಕರಾರು. ಇಂಥ ಮರುಕ್ರಯದ ಹಕ್ಕನ್ನು ಹೊರಗಿನವರಿಗೆ ಕೂಡ ವರ್ಗಾಯಿಸಬಹುದು ಎಂದು 1928ರಲ್ಲೇ ಬ್ರಿಟಿಷರ ಕಾಲದ ಅತ್ಯುನ್ನತ ನ್ಯಾಯಾಲಯವಾದ ಪ್ರಿವಿ ಕೌನ್ಸಿಲ್ ತೀರ್ಪು ಕೊಟ್ಟಿದೆ. ಸುಪ್ರೀಂ ಕೋರ್ಟು 1993ರಲ್ಲಿ ಬಾಲಕೃಷ್ಣ ಮುದಲಿಯಾರ್ ಪ್ರಕರಣದಲ್ಲಿ, ಆಮೇಲೆ 2003ರಲ್ಲಿ ಶ್ಯಾಮ್ ಸಿಂಗ್ ಪ್ರಕರಣದಲ್ಲಿ ಅದೇ ಹಾದಿ ಹಿಡಿಯಿತು. ಬೇಡ ಎಂದು ಕರಾರಿನಲ್ಲಿ ಬರೆದಿಲ್ಲದಿದ್ದರೆ ಈ ಹಕ್ಕನ್ನು ಬೇರೆಯವರಿಗೆ ಕೊಡಬಹುದು ಎಂದಿತು. ಹೊರಗಿನವರಿಗೇ ಹೋಗಬಹುದಾದ ಹಕ್ಕು ಸ್ವಂತ ಮಕ್ಕಳಿಗೆ ಹೋಗುವುದಿಲ್ಲ ಎನ್ನುವುದು ಹೇಗೆ? ಹಾಗಾಗಿ ಕರಾರಿನಲ್ಲಿ ‘ನೀವು’ ಎಂದಷ್ಟೇ ಇದೆ, ‘ನಿಮ್ಮ ವಾರಸುದಾರರು’ ಎಂದಿಲ್ಲ ಎಂಬುದಕ್ಕೆ ಹೆದರಬೇಡಿ. ‘ನಿಮ್ಮ ಜೀವಿತಾವಧಿಯಲ್ಲಿ ಮಾತ್ರ’ ಎಂಬ ಅರ್ಥದ ಮಾತು ಎಲ್ಲಾದರೂ ಇದೆಯಾ ಎಂದು ಮಾತ್ರ ಇನ್ನೊಮ್ಮೆ ಓದಿ. ಇದ್ದರೆ ಚಿತ್ರ ಪೂರ್ತಿ ಬದಲಾಗುತ್ತದೆ. ನೀವು ಬರೆದ ವಾಕ್ಯದಲ್ಲಿ ಅಂಥದ್ದು ಕಾಣುವುದಿಲ್ಲ.

ಎದುರು ಕಡೆಗೂ ಇದೇ ನಿಯಮ. ನಾಳೆ ಮಾವ ತೀರಿಕೊಂಡರೆ ಅವರ ಮಗ ‘ಸಹಿ ಹಾಕಿದ್ದು ಅಪ್ಪ, ನಾನಲ್ಲ’ ಎನ್ನುವಂತಿಲ್ಲ.

ಇನ್ನು ಆ ಕಾಗದ ಯಾವ ಜಾತಿಯದು ಎಂದು ನೋಡಬೇಕು. ಇಲ್ಲಿ ಸ್ವಲ್ಪ ನಿಧಾನವಾಗಿ ಓದಿ, ಎಷ್ಟು ಸಮಯ ಇದೆ ಎಂಬುದು ಇದರ ಮೇಲೇ ನಿಂತಿದೆ. ನಮ್ಮ ಕಡೆ ಜನ ಎಲ್ಲವನ್ನೂ ‘ಷರತ್ತಿನ ಕ್ರಯ’ ಎಂದುಬಿಡುತ್ತಾರೆ. ಕಾನೂನಿನಲ್ಲಿ ಅದರೊಳಗೆ ಎರಡು ಬೇರೆ ಬೇರೆ ವ್ಯವಹಾರಗಳಿವೆ. ಒಂದು, ಹೊರಗೆ ಕ್ರಯದ ಹಾಗೆ ಕಾಣುವ, ಒಳಗೆ ಅಡಮಾನವೇ ಆಗಿರುವ ವ್ಯವಹಾರ. ಇನ್ನೊಂದು, ನಿಜವಾದ ಕ್ರಯ ಮತ್ತು ಅದರ ಮೇಲೆ ತಿರುಗಿ ಕೊಡುವ ಮಾತು. ಅಡಮಾನವಾದರೆ ಬಿಡಿಸಿಕೊಳ್ಳಲು ಕಾಲಮಿತಿ ಕಾಯ್ದೆಯಲ್ಲಿ 30 ವರ್ಷ ಇದೆ. ಕಾಗದದಲ್ಲಿ ಬರೆದ ಗಡುವು ಮುಗಿಯಿತು ಅಂದ ಮಾತ್ರಕ್ಕೆ ಜಮೀನು ಕೈಬಿಟ್ಟು ಹೋಗುವುದಿಲ್ಲ. ಕ್ರಯವಾದರೆ ಗಡುವು ಮುಗಿದ ದಿನವೇ ಹಕ್ಕೂ ಮುಗಿಯುತ್ತದೆ.

ಯಾವುದು ಎಂದು ಗೊತ್ತುಮಾಡಲು ಸ್ವತ್ತು ವರ್ಗಾವಣೆ ಕಾಯ್ದೆಯ 58(ಸಿ) ಕಲಂಗೆ 1929ರಲ್ಲಿ ಒಂದು ಮಾತು ಸೇರಿಸಿದರು. ತಿರುಗಿ ಕೊಡುವ ಷರತ್ತು ಆ ಕ್ರಯಪತ್ರದೊಳಗೇ ಇರದಿದ್ದರೆ ಅದನ್ನು ಅಡಮಾನ ಎನ್ನುವಂತಿಲ್ಲ. ಸುಪ್ರೀಂ ಕೋರ್ಟಿನ 1954ರ ಚುಂಚುನ್ ಝಾ ತೀರ್ಪು ಇದನ್ನು ಚೆನ್ನಾಗಿ ಬಿಡಿಸಿ ಹೇಳುತ್ತದೆ. ಷರತ್ತು ಒಳಗೇ ಇದ್ದರೆ ಆಗ ಬೆಲೆ ತೀರಾ ಕಮ್ಮಿಯಿತ್ತಾ, ಜಮೀನು ಯಾರ ಕೈಯಲ್ಲಿ ಉಳಿಯಿತು, ಸಾಲದ ಮಾತು ಬಂದಿದೆಯಾ ಎಂದೆಲ್ಲ ನೋಡಿ ತೀರ್ಮಾನಿಸಬೇಕು. ನಿಮ್ಮ ಷರತ್ತು ಬೇರೆ ಕಾಗದದಲ್ಲಿದೆ. ಅದೇ ದಿನ, ಅದೇ ಸಾಕ್ಷಿಗಳು, ಅದೇ ಪೆನ್ನು ಇದ್ದರೂ ಬೇರೆ ಕಾಗದ ಬೇರೆಯೇ. ಆದ್ದರಿಂದ ನಿಮ್ಮದು ಕ್ರಯ ಮತ್ತು ಮರುಕ್ರಯದ ಕರಾರು ಎಂದೇ ಇಟ್ಟುಕೊಂಡು ಮುಂದೆ ಹೋಗಿ.

ಹಾಗಿದ್ದರೂ ಒಂದು ಕೆಲಸ ಮಾಡಿ. ಸಬ್‌ರಿಜಿಸ್ಟ್ರಾರ್ ಕಚೇರಿಯಿಂದ ಕ್ರಯಪತ್ರದ ದೃಢೀಕೃತ ನಕಲು ತೆಗೆಸಿ, ಮೊದಲ ಸಾಲಿನಿಂದ ಕೊನೆಯ ಸಾಲಿನವರೆಗೆ ಓದಿ. ಮನೆಯಲ್ಲಿ ಕರಾರಿನ ಕಾಗದವನ್ನು ಮಾತ್ರ ಜೋಪಾನ ಮಾಡಿ, ಕ್ರಯಪತ್ರದಲ್ಲಿ ಏನಿದೆ ಎಂದು ಯಾರೂ ನೋಡದ ಕುಟುಂಬಗಳು ತುಂಬಾ ಇವೆ. ಕೆಲವು ಸಲ ಬರಹಗಾರರು ಅದರ ಕೊನೆಯಲ್ಲೂ ತಿರುಗಿ ಕೊಡುವ ಒಂದು ಸಾಲು ಸೇರಿಸಿರುತ್ತಾರೆ. ಆ ಒಂದು ಸಾಲು ಸಿಕ್ಕರೆ ನಿಮ್ಮ ಬಲವೇ ಬೇರೆ.

ಈಗ ಗಡುವು. ಸಾಮಾನ್ಯ ಕ್ರಯದ ಕರಾರಿನಲ್ಲಿ ಒಂದು ತಿಂಗಳು ಆಚೀಚೆ ಆದರೆ ಕೋರ್ಟುಗಳು ಅಷ್ಟು ಬಿಗಿಯಾಗಿ ನೋಡುವುದಿಲ್ಲ. ಮರುಕ್ರಯದಲ್ಲಿ ಹಾಗಿಲ್ಲ. ಇದು ಮಾರಿದವನಿಗೆ ಕೊಟ್ಟ ಒಂದು ವಿಶೇಷ ಸೌಲಭ್ಯ, ಹೇಳಿದ ಹಾಗೆ ಹೇಳಿದ ದಿನದೊಳಗೆ ನಡೆದುಕೊಂಡರೆ ಮಾತ್ರ ಸಿಗುತ್ತದೆ ಎಂಬುದು ಕೋರ್ಟುಗಳ ನಿಲುವು. 1960ರ ದಶಕದ ಸಿಮ್ರತ್‌ಮಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹಾಗೆಂದಿತು. 1998ರ ಬಿಸ್ಮಿಲ್ಲಾ ಬೇಗಂ ಪ್ರಕರಣದಲ್ಲೂ ಅದನ್ನೇ ಹೇಳಿತು. ಕನಿಕರಪಟ್ಟು ಒಂದು ವಾರ ಬಿಟ್ಟುಕೊಡಲು ನ್ಯಾಯಾಧೀಶರಿಗೂ ಆಗುವುದಿಲ್ಲ.

ಅಪ್ಪ ಸತ್ತದ್ದರಿಂದ ಗಡಿಯಾರ ನಿಂತಿಲ್ಲ. ಕೊರೊನಾ ಕಾಲದಲ್ಲಿ ಎಷ್ಟೋ ಮನೆಗಳಲ್ಲಿ ಹಿರಿಯರು ಹಠಾತ್ತನೆ ಹೋದರು. ಮಕ್ಕಳಿಗೆ ಕಾಗದ ಸಿಕ್ಕಿದ್ದೇ ವರ್ಷದ ಮೇಲೆ. ಆದರೂ ಗಡುವು ಮುಂದೆ ಹೋಗಲಿಲ್ಲ. ವಾರಸುದಾರರಲ್ಲಿ ಚಿಕ್ಕ ಮಕ್ಕಳಿದ್ದರೂ ಅಷ್ಟೇ. ಮೈನರ್‌ಗಳಿಗೆ ಕಾಲಮಿತಿ ಕಾಯ್ದೆ ಕೊಡುವ ರಿಯಾಯಿತಿ ದಾವೆ ಹೂಡುವ ಅವಧಿಗೆ ಸಂಬಂಧಿಸಿದ್ದು. ಕರಾರಿನಲ್ಲೇ ಬರೆದ 12 ವರ್ಷಕ್ಕೆ ಅದು ತಾಗುವುದಿಲ್ಲ.

ಇನ್ನೊಂದು ಗಡಿಯಾರವೂ ಇದೆ, ದಾವೆಯದು. ಕಾಲಮಿತಿ ಕಾಯ್ದೆಯ 54ನೇ ಪರಿಚ್ಛೇದದ ಪ್ರಕಾರ ಕರಾರು ನೆರವೇರಿಸಿ ಎಂದು ದಾವೆ ಹೂಡಲು ಮೂರು ವರ್ಷ. ಕರಾರಿನಲ್ಲಿ ದಿನ ಗೊತ್ತುಮಾಡಿದ್ದರೆ ಆ ದಿನದಿಂದ ಎಣಿಕೆ. ಇಲ್ಲದಿದ್ದರೆ ‘ಕೊಡುವುದಿಲ್ಲ’ ಎಂದದ್ದು ನಿಮಗೆ ತಿಳಿದ ದಿನದಿಂದ. ಹಾಗಾದರೆ 2031ರವರೆಗೆ ಸಮಯ ಇದೆ ಅಲ್ವಾ ಎಂದು ನೀವು ಕೇಳಬಹುದು. ಆ ಲೆಕ್ಕವನ್ನು ನಂಬಿ ಕೂರಬೇಡಿ. ನಿಮ್ಮ ಮಾವ ಈಗಾಗಲೇ ಇಲ್ಲ ಎಂದಿದ್ದಾರೆ. ಎದುರು ವಕೀಲರು ಮೂರು ವರ್ಷವನ್ನು ಆ ದಿನದಿಂದಲೇ ಎಣಿಸಲು ನೋಡುತ್ತಾರೆ. ಕ್ಯಾಲೆಂಡರಿನಲ್ಲಿ ಮಾವ ಇಲ್ಲ ಎಂದ ದಿನವನ್ನೂ 2028ರ ಮೇ ತಿಂಗಳ ಆ ತಾರೀಖನ್ನೂ ಗುರುತು ಹಾಕಿ. ಎರಡಕ್ಕೂ ಸಾಕಷ್ಟು ಮೊದಲೇ ಕೆಲಸ ಮುಗಿಸಿ.

‘ನೋಡೋಣ ಬಿಡಿ, ಈ ಸಲದ ಕೊಯ್ಲು ಮುಗಿಯಲಿ’ ಎಂದು ಮಾವ ಹೇಳಿದರೆ ಏನು ಮಾಡಬೇಕು? ನನ್ನ ಅನುಭವದಲ್ಲಿ ಹೆಚ್ಚಿನ ಕುಟುಂಬಗಳು ಸೋಲುವುದು ಇಲ್ಲಿ. ಕಾನೂನು ಅವರ ಕಡೆಗಿರುತ್ತದೆ, ಹಣವೂ ಇರುತ್ತದೆ. ಆದರೆ ಬಾಯಿಬಿಟ್ಟು ಕೇಳಲು ದಾಕ್ಷಿಣ್ಯ. ಹತ್ತಿರದವರು, ನಾಳೆ ಮನೆಯ ಪೂಜೆಗೆ ಬರಬೇಕಾದವರು, ನೋಟಿಸು ಕೊಟ್ಟರೆ ಏನಂದುಕೊಳ್ಳುತ್ತಾರೋ ಎಂದು ಸುಮ್ನೆ ಇದ್ದುಬಿಡುತ್ತಾರೆ. ಗಡುವು ದಾಟಿದ ಮರುದಿನ ಅದೇ ಹತ್ತಿರದವರ ಮಾತು ಬೇರೆಯಾಗುತ್ತದೆ. ಮಾವ ನಿಜವಾಗಿ ಸಮಯ ಕೊಡುವುದಾದರೆ ಅದನ್ನು ಬರೆಸಿಕೊಳ್ಳಿ. ಇಂಥ ತಾರೀಖಿನವರೆಗೆ ಅವಧಿ ವಿಸ್ತರಿಸಿದ್ದೇನೆ ಎಂದು ಅವರ ಸಹಿ, ಇಬ್ಬರು ಸಾಕ್ಷಿಗಳ ಸಹಿ ಇರಲಿ. ಬಾಯಿಮಾತಿನ ವಿಸ್ತರಣೆಯನ್ನು ಕೋರ್ಟಿನಲ್ಲಿ ಸಾಬೀತುಮಾಡುವುದು ಬಹಳ ಕಷ್ಟ.

ನಿಮ್ಮ ಕರಾರು ರಿಜಿಸ್ಟರ್ ಆಗಿಲ್ಲ ಎಂಬ ಚಿಂತೆ ಬೇಡ. ಮುಂದೆ ಕ್ರಯ ಮಾಡಿಕೊಡುತ್ತೇನೆ ಎಂಬ ಬರೀ ಕರಾರಿಗೆ ನೋಂದಣಿ ಕಡ್ಡಾಯವಲ್ಲ. ಅದರಲ್ಲಿ ಮಾವನ ಸಹಿ ಮಾತ್ರ ಇದ್ದರೂ ಸಾಕು. ಮಾರಬೇಕಾದವನು ಸಹಿ ಹಾಕಿದ ಕರಾರು ಕೊಳ್ಳುವವನ ಸಹಿ ಇಲ್ಲದೆಯೂ ನಡೆಯುತ್ತದೆ ಎಂದು ಸುಪ್ರೀಂ ಕೋರ್ಟು 2009ರಲ್ಲಿ ಅಲೋಕಾ ಬೋಸ್ ಪ್ರಕರಣದಲ್ಲಿ ಹೇಳಿದೆ. ಚಿಂತೆ ಮಾಡಬೇಕಾದದ್ದು ಆ 200 ರೂಪಾಯಿಯ ಬಗ್ಗೆ. ಮುದ್ರಾಂಕ ಶುಲ್ಕ ಕಮ್ಮಿಯಾಗಿದ್ದರೆ ಕೋರ್ಟು ಕಾಗದವನ್ನು ಸಾಕ್ಷ್ಯವಾಗಿ ತೆಗೆದುಕೊಳ್ಳುವುದಿಲ್ಲ. ಕರ್ನಾಟಕ ಸ್ಟಾಂಪ್ ಕಾಯ್ದೆಯ 34ನೇ ಕಲಂನಂತೆ ಕೊರತೆಯ ಹಣ ಮತ್ತು ಅದರ ಹತ್ತು ಪಟ್ಟು ದಂಡ ಕಟ್ಟಬೇಕು. ಆ ಹತ್ತು ಪಟ್ಟನ್ನು ಕಮ್ಮಿ ಮಾಡುವ ಅಧಿಕಾರ ವಿಚಾರಣಾ ನ್ಯಾಯಾಲಯಕ್ಕಿಲ್ಲ ಎಂದು ನಮ್ಮ ರಾಜ್ಯದಿಂದಲೇ ಹೋದ ಗಂಗಪ್ಪ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಆದರೆ ಸ್ಟಾಂಪ್ ಇಲಾಖೆಯ ಜಿಲ್ಲಾ ಅಧಿಕಾರಿಗೆ ದಂಡ ಎಷ್ಟೆಂದು ನಿರ್ಧರಿಸುವ ವಿವೇಚನೆ ಇದೆ. ಆದ್ದರಿಂದ ಸಾಕ್ಷ್ಯಕ್ಕೆ ಹಾಜರುಪಡಿಸುವ ಮೊದಲೇ ಕಾಗದವನ್ನು ಅಲ್ಲಿಗೆ ಕಳಿಸಿ ಎಂದು ನಿಮ್ಮ ವಕೀಲರಿಂದ ಕೇಳಿಸಿ. ಕೇಳುವುದು ಒಂದು ದಿನ ತಡವಾದರೂ ಈ ಅವಕಾಶ ಕೈತಪ್ಪಬಹುದು.

ಈಗ ಮಾಡಬೇಕಾದ ಕೆಲಸಕ್ಕೆ ಬರೋಣ. ಕರಾರಿನ ಹಕ್ಕು ಅಪ್ಪನಿಂದ ಬಂದದ್ದು. ಹಿಂದೂ ಉತ್ತರಾಧಿಕಾರ ಕಾಯ್ದೆಯಂತೆ ಅದು ನಿಮ್ಮ ಅಮ್ಮ, ಅಣ್ಣ, ತಂಗಿ ಮತ್ತು ನಿಮಗೆ ಸಮಪಾಲಿನಲ್ಲಿ ಬರುತ್ತದೆ. ನಿಮ್ಮ ಅಜ್ಜಿ, ಅಂದರೆ ಅಪ್ಪನ ತಾಯಿ, ಅಪ್ಪ ತೀರಿಕೊಂಡಾಗ ಬದುಕಿದ್ದರೆ ಅವರಿಗೂ ಪಾಲಿದೆ. ‘ತಂಗಿಯ ಮದುವೆಗೇ ತೋಟ ಹೋಯಿತು, ಅವಳಿಗೆ ಇನ್ನೇನು’ ಎಂದು ಯಾರಾದರೂ ಹೇಳಿದರೆ ಆ ಮಾತಿಗೆ ಕಿವಿಗೊಡಬೇಡಿ. ಅವಳನ್ನು ಬಿಟ್ಟು ನೋಟಿಸು ಕೊಟ್ಟರೆ ಎದುರು ಕಡೆಯವರು ಹಿಡಿಯುವ ಮೊದಲ ತಪ್ಪೇ ಅದು. ಎಲ್ಲರ ಹೆಸರಿನಲ್ಲೂ ನೋಟಿಸು ಹೋಗಬೇಕು. ಒಬ್ಬರು ಬರಲು ಒಪ್ಪದಿದ್ದರೆ ಉಳಿದವರು ದಾವೆ ಹೂಡಿ ಅವರನ್ನು ಪ್ರತಿವಾದಿಯಾಗಿ ಸೇರಿಸಬಹುದು. ಎಲ್ಲರೂ ಸೇರಿದರೆ ಕೆಲಸ ಹಗುರ. ಹಣ ಯಾರು ಎಷ್ಟು ಹಾಕುತ್ತೀರಿ, ತೋಟ ಬಂದ ಮೇಲೆ ಯಾರಿಗೆ ಎಷ್ಟು ಎಂದು ಈಗಲೇ ನಿಮ್ಮೊಳಗೆ ಬರೆದುಕೊಳ್ಳಿ.

ಅಣ್ಣ ಬರಲಾಗದಿದ್ದರೆ ಅಲ್ಲಿನ ಭಾರತೀಯ ಕಾನ್ಸುಲೇಟಿನಲ್ಲಿ ಮುಕ್ತಾರನಾಮೆ, ಅಂದರೆ ಪವರ್ ಆಫ್ ಅಟಾರ್ನಿ, ಮಾಡಿ ಕಳಿಸಲಿ. ಅದು ಭಾರತಕ್ಕೆ ಬಂದ ಮೂರು ತಿಂಗಳೊಳಗೆ ಇಲ್ಲಿ ಸ್ಟಾಂಪ್ ಮಾಡಿಸಬೇಕು.

ದಾಖಲೆ ಜಾಸ್ತಿ ಬೇಕಿಲ್ಲ. ಅಪ್ಪನ ಮರಣ ಪ್ರಮಾಣಪತ್ರ, ನಾಡಕಚೇರಿಯಿಂದ ವಂಶವೃಕ್ಷ, ಕ್ರಯಪತ್ರದ ನಕಲು, ಕರಾರಿನ ಮೂಲ ಪ್ರತಿ, 2016ರಿಂದ ಇವತ್ತಿನವರೆಗಿನ ಇಸಿ (ಋಣಭಾರ ಪ್ರಮಾಣಪತ್ರ) ಮತ್ತು ಈಗಿನ ಪಹಣಿ. ಯಾರಾದರೂ ‘ಮೊದಲು ಪೌತಿ ಖಾತೆ ಮಾಡಿಸಿ’ ಎಂದರೆ ಅದಕ್ಕಾಗಿ ಓಡಾಡಬೇಡಿ. ಜಮೀನು ಅಪ್ಪನ ಹೆಸರಿನಲ್ಲಿ ಇಲ್ಲವೇ ಇಲ್ಲ, ಹಾಗಿರುವಾಗ ಪೌತಿ ಖಾತೆ ಯಾವುದಕ್ಕೆ?

ನೋಟಿಸಿನಲ್ಲಿ ನಾಲ್ಕು ಮಾತು ಸ್ಪಷ್ಟವಾಗಿರಲಿ. ನಾವು ಇಂಥವರ ವಾರಸುದಾರರು. ಕರಾರಿನಂತೆ ತಿರುಗಿ ಕೊಳ್ಳುವ ಹಕ್ಕನ್ನು ಈಗ ಚಲಾಯಿಸುತ್ತಿದ್ದೇವೆ. 14 ಲಕ್ಷ ಪೂರ್ತಿಯಾಗಿ ಸಿದ್ಧವಿದೆ. ಇಂಥ ದಿನ ಇಷ್ಟು ಗಂಟೆಗೆ ಸಬ್‌ರಿಜಿಸ್ಟ್ರಾರ್ ಕಚೇರಿಗೆ ಬಂದು ಕ್ರಯ ಮಾಡಿಕೊಡಿ. ‘ಹಣ ಕೊಡಲು ತಯಾರಿ ನಡೆಸಿದ್ದೇವೆ’, ‘ಸ್ವಲ್ಪ ಕಂತಿನಲ್ಲಿ ತೆಗೆದುಕೊಳ್ಳಿ’ ಎಂಬಂಥ ಮಾತು ಒಂದೂ ಇರಬಾರದು. ಕರಾರಿನಲ್ಲಿ ‘ಒಂದೇ ಗಂಟಿನಲ್ಲಿ’ ಎಂದಿದೆ. ತಲುಪಿದ್ದಕ್ಕೆ ದಾಖಲೆ ಸಿಗುವ ಅಂಚೆಯಲ್ಲಿ ಕಳಿಸಿ, ರಸೀದಿ ಜೋಪಾನ ಮಾಡಿ. ಆ ದಿನ ಎಲ್ಲರೂ 14 ಲಕ್ಷದ ಡಿಡಿ ಹಿಡಿದುಕೊಂಡು ಕಚೇರಿಗೆ ಹೋಗಿ ಕಾಯಿರಿ. ಮಾವ ಬಾರದಿದ್ದರೂ ನೀವು ಬಂದಿದ್ದಿರಿ ಎಂಬುದಕ್ಕೆ ಸಾಕ್ಷಿ ಇರಲಿ. ನಗದು ಬೇಡವೇ ಬೇಡ. ಸ್ಥಿರಾಸ್ತಿ ವ್ಯವಹಾರದಲ್ಲಿ 20,000 ರೂಪಾಯಿ ಅಥವಾ ಅದಕ್ಕಿಂತ ಹೆಚ್ಚನ್ನು ನಗದಾಗಿ ಪಡೆದರೆ ಆದಾಯ ತೆರಿಗೆಯ ದಂಡ ಬೀಳುತ್ತದೆ, ಮತ್ತೆ ಕೊಟ್ಟೆವೆಂದು ಸಾಬೀತುಮಾಡುವುದೂ ಕಷ್ಟ.

ಆಮೇಲೆ ಆ ಹಣವನ್ನು ಖರ್ಚು ಮಾಡಬೇಡಿ. ದಾವೆ ಹೂಡಿದವರು ಮೊದಲಿನಿಂದ ಕೊನೆಯವರೆಗೆ ತಮ್ಮ ಪಾಲಿನ ಕೆಲಸಕ್ಕೆ ಸಿದ್ಧರಿದ್ದರು, ಮನಸ್ಸೂ ಇತ್ತು ಎಂದು ತೋರಿಸಬೇಕು. ನಿರ್ದಿಷ್ಟ ಪರಿಹಾರ ಕಾಯ್ದೆಯ 16(ಸಿ) ಕಲಂ ಕೇಳುವುದು ಇದನ್ನೇ. ನೋಟಿಸು ಕೊಟ್ಟ ದಿನ ಬ್ಯಾಂಕಿನಲ್ಲಿ 14 ಲಕ್ಷ, ಆರು ತಿಂಗಳ ಮೇಲೆ 40 ಸಾವಿರ ಎಂದಾದರೆ ಎದುರು ವಕೀಲರಿಗೆ ಬೇರೆ ಅಸ್ತ್ರವೇ ಬೇಕಿಲ್ಲ. ಎಫ್‌ಡಿ ಮಾಡಿ ಇಟ್ಟುಬಿಡಿ.

ತೋಟವನ್ನು ಬೇರೆಯವರಿಗೆ ಮಾರುವ ಸುದ್ದಿಗೆ ತಡಮಾಡದೆ ಪ್ರತಿಕ್ರಿಯಿಸಬೇಕು. ನಿಮ್ಮ ಕರಾರಿನ ವಿಷಯ ಗೊತ್ತಿಲ್ಲದೆ, ಪ್ರಾಮಾಣಿಕವಾಗಿ, ಹಣ ಕೊಟ್ಟು ಕೊಂಡವನ ವಿರುದ್ಧ ಕರಾರು ನಡೆಯುವುದಿಲ್ಲ. ಗೊತ್ತಿದ್ದೂ ಕೊಂಡವನ ವಿರುದ್ಧ ನಡೆಯುತ್ತದೆ. ನಿಮ್ಮ ಕರಾರು ರಿಜಿಸ್ಟರ್ ಆಗಿಲ್ಲ, ಹಾಗಾಗಿ ಇಸಿಯಲ್ಲಿ ಕಾಣುವುದಿಲ್ಲ. ಕೊಳ್ಳುವವನು ‘ನನಗೆ ಗೊತ್ತೇ ಇರಲಿಲ್ಲ’ ಎನ್ನಲು ದಾರಿ ತೆರೆದೇ ಇದೆ. ಆ ದಾರಿಯನ್ನು ನೀವು ಮುಚ್ಚಬೇಕು. ಕೊಳ್ಳಲು ಬಂದವರು ಯಾರೆಂದು ಗೊತ್ತಿದ್ದರೆ ಅವರಿಗೂ ಕರಾರಿನ ನಕಲಿನ ಜೊತೆ ನೋಟಿಸು ಕಳಿಸಿ. ಜಿಲ್ಲೆಯಲ್ಲಿ ಜನ ಓದುವ ಪತ್ರಿಕೆಯಲ್ಲಿ ಸರ್ವೆ ನಂಬರ್ ಸಮೇತ ಸಾರ್ವಜನಿಕ ಪ್ರಕಟಣೆ ಕೊಡಿ. ಸಬ್‌ರಿಜಿಸ್ಟ್ರಾರ್‌ಗೆ ತಕರಾರು ಅರ್ಜಿ ಕೊಟ್ಟು ನೆಮ್ಮದಿಯಿಂದ ಮಲಗುವವರು ಬಹಳ. ಕೋರ್ಟಿನ ಆದೇಶವಿಲ್ಲದೆ ಬರೀ ತಕರಾರು ಅರ್ಜಿಯ ಮೇಲೆ ಅವರು ನೋಂದಣಿ ನಿಲ್ಲಿಸಲಾಗದು. ಮಾರಾಟ ನಿಜವಾಗಿ ಹತ್ತಿರ ಬಂದಿದ್ದರೆ ದಾವೆ ಹೂಡಿ ತಾತ್ಕಾಲಿಕ ತಡೆಯಾಜ್ಞೆ ಕೇಳಿ. ದಾವೆ ದಾಖಲಾದ ಮೇಲೆ ಮಾರಿದರೂ ಕೊಂಡವನು ನಿಮ್ಮ ತೀರ್ಪಿಗೆ ಬದ್ಧ. ಸ್ವತ್ತು ವರ್ಗಾವಣೆ ಕಾಯ್ದೆಯ 52ನೇ ಕಲಂ ಅದಕ್ಕೇ ಇದೆ.

ದಾವೆಯಲ್ಲಿ ಕ್ರಯ ಮಾಡಿಕೊಡಲಿ ಎಂದು ಕೇಳುವ ಜೊತೆಗೆ ಸ್ವಾಧೀನವನ್ನೂ ಕೇಳಿ. ಬಿಟ್ಟರೆ ಆಮೇಲೆ ತಿದ್ದುಪಡಿಗೆ ಅಲೆಯಬೇಕಾಗುತ್ತದೆ. ಕೋರ್ಟು ಶುಲ್ಕ ಕರಾರಿನ ಮೊತ್ತವಾದ 14 ಲಕ್ಷದ ಮೇಲೆ ಬರುತ್ತದೆ, ತೋಟದ ಇವತ್ತಿನ ಬೆಲೆಯ ಮೇಲಲ್ಲ. ಬೆಲೆ ಏರಿದೆ, 14 ಲಕ್ಷಕ್ಕೆ ಕೊಟ್ಟರೆ ನಮಗೆ ಅನ್ಯಾಯ ಎಂದು ಮಾವ ಖಂಡಿತ ವಾದಿಸುತ್ತಾರೆ. ನಿರ್ದಿಷ್ಟ ಪರಿಹಾರ ಕಾಯ್ದೆಯ ಹಳೆಯ ರೂಪದಲ್ಲಿ ಕರಾರು ನಡೆಸಿ ಎಂದು ಆದೇಶ ಕೊಡುವುದು ಬಿಡುವುದು ನ್ಯಾಯಾಧೀಶರ ವಿವೇಚನೆಯಾಗಿತ್ತು. 2018ರ ಅಕ್ಟೋಬರ್ 1ರಿಂದ ಜಾರಿಯಾದ ತಿದ್ದುಪಡಿ ಆ ವಿವೇಚನೆಯನ್ನು ಬಹುಮಟ್ಟಿಗೆ ತೆಗೆದಿದೆ. ನಿಮ್ಮ ಕರಾರು 2016ರದ್ದಾದ್ದರಿಂದ ಹಳೆಯ ಕಾನೂನೇ ಅನ್ವಯ ಎಂಬ ವಾದ ಬರಬಹುದು. ಬಂದರೂ ಬರೀ ಬೆಲೆ ಕಮ್ಮಿ ಎನ್ನುವುದು ಸಾಕಾದ ಕಾರಣವಲ್ಲ ಎಂದು ಆ ಹಳೆಯ ಕಾನೂನೇ ಹೇಳಿತ್ತು. 12 ವರ್ಷಕ್ಕೆ ಬೆಲೆ ಏರುತ್ತದೆ ಎಂದು ಸಹಿ ಹಾಕುವಾಗ ಇಬ್ಬರಿಗೂ ಗೊತ್ತಿತ್ತು. ಅಷ್ಟು ವರ್ಷದ ಫಸಲನ್ನೂ ಅವರೇ ಉಂಡಿದ್ದಾರೆ.

ಡಿಕ್ರಿ, ಅಂದರೆ ದಾವೆಯಲ್ಲಿ ಕೋರ್ಟಿನ ಆದೇಶ, ಆದ ಮೇಲೂ ಮಾವ ಸಹಿ ಹಾಕದಿದ್ದರೆ ಕೋರ್ಟೇ ಅವರ ಪರವಾಗಿ ಕ್ರಯಪತ್ರ ಮಾಡಿಸಿಕೊಡುತ್ತದೆ. ನೀವು ಮಾತ್ರ ಕೋರ್ಟು ಹೇಳಿದ ದಿನದೊಳಗೆ ಹಣ ಕಟ್ಟಬೇಕು, ಇಲ್ಲದಿದ್ದರೆ ಗೆದ್ದ ಡಿಕ್ರಿಯೇ ರದ್ದಾಗುವ ಅಪಾಯವಿದೆ.

‘ಇದು ಪಿತ್ರಾರ್ಜಿತ ಆಸ್ತಿ, ಅಪ್ಪ ಮಾರಿದ್ದೇ ತಪ್ಪು ಎಂದು ಕೇಸು ಹಾಕಿ’ ಎಂದು ಸಲಹೆ ಕೊಡುವವರೂ ಸಿಗುತ್ತಾರೆ. ಮಗಳ ಮದುವೆಯ ಸಾಲಕ್ಕೆ ಮಾರಿದ್ದನ್ನು ಕುಟುಂಬದ ಅಗತ್ಯ ಎಂದೇ ಕೋರ್ಟುಗಳು ನೋಡುತ್ತವೆ. ಕ್ರಯವೇ ತಪ್ಪು ಎನ್ನುತ್ತಾ ಅದೇ ಕ್ರಯದ ಮೇಲೆ ನಿಂತ ಕರಾರನ್ನು ನಡೆಸಿ ಎಂದು ಕೇಳಿದರೆ ನಿಮ್ಮ ಗಟ್ಟಿ ಕೇಸೂ ಸಡಿಲವಾಗುತ್ತದೆ. ನಾನಾಗಿದ್ದರೆ ಆ ದಾರಿ ಹಿಡಿಯುವುದಿಲ್ಲ.

ಖರ್ಚಿನ ಲೆಕ್ಕದಲ್ಲಿ ಒಂದನ್ನು ಮರೆಯಬೇಡಿ. ಮಾವ ಒಪ್ಪಿ ಕ್ರಯ ಮಾಡಿಕೊಟ್ಟರೂ ಅದು ಹೊಸ ಕ್ರಯವೇ. ಮುದ್ರಾಂಕ ಶುಲ್ಕ, ನೋಂದಣಿ ಶುಲ್ಕಗಳನ್ನು ಸರ್ಕಾರ ಗೊತ್ತುಮಾಡಿದ ಇವತ್ತಿನ ಮಾರ್ಗಸೂಚಿ ಬೆಲೆಯ ಮೇಲೆ ಲೆಕ್ಕ ಹಾಕುತ್ತಾರೆ. 14 ಲಕ್ಷ ಹೊಂದಿಸಿ, ಈ ಹಣಕ್ಕೆ ಪರದಾಡಿ ದಿನ ತಪ್ಪಿಸಿಕೊಂಡರೆ ಎಷ್ಟು ನೋವು ಹೇಳಿ.

ಕೊನೆಗೆ, ನೋಟಿಸು ಕೊಟ್ಟ ಮೇಲೂ ಮಾತುಕತೆಯ ಬಾಗಿಲು ತೆರೆದಿರಲಿ. ಮಾವ ತೋಟಕ್ಕೆ ಬೋರ್‌ವೆಲ್ ಹಾಕಿಸಿರಬಹುದು, ಸತ್ತ ಮರದ ಜಾಗದಲ್ಲಿ ಹೊಸ ಸಸಿ ನೆಟ್ಟಿರಬಹುದು. ಕರಾರಿನಲ್ಲಿ ಅದರ ಮಾತಿಲ್ಲದಿದ್ದರೆ ಅವರು ಹಕ್ಕಿನಿಂದ ಕೇಳಲಾರರು. ಆದರೂ ನ್ಯಾಯವಾದ ಒಂದು ಮೊತ್ತ ಕೊಟ್ಟು ಇವತ್ತೇ ಮುಗಿಯುವುದಾದರೆ, ವರ್ಷಗಟ್ಟಲೆ ಕೋರ್ಟು ಅಲೆಯುವುದಕ್ಕಿಂತ ಅದು ಎಷ್ಟೋ ವಾಸಿ. ದಾವೆ ನಡೆಯುತ್ತಿದ್ದಾಗ ರಾಜಿಯಾದರೆ ಲೋಕ ಅದಾಲತ್‌ನಲ್ಲಿ ದಾಖಲಿಸಿ, ಅದಕ್ಕೆ ಡಿಕ್ರಿಯ ಬೆಲೆ ಇದೆ. ದಾವೆಗೆ ಮೊದಲೇ ರಾಜಿಯಾದರೆ ಮತ್ತೊಂದು ಸ್ಟಾಂಪ್ ಪೇಪರಿನಲ್ಲಿ ‘ಮುಂದೆ ಮಾಡಿಕೊಡುತ್ತೇನೆ’ ಎಂದು ಬರೆಸಿಕೊಂಡು ಮನೆಗೆ ಬರಬೇಡಿ. ಆ ವಾರವೇ ಸಬ್‌ರಿಜಿಸ್ಟ್ರಾರ್ ಕಚೇರಿಗೆ ಕರೆದುಕೊಂಡು ಹೋಗಿ, ಅಮ್ಮನ ಹೆಸರೂ ಸೇರಿದ ಕ್ರಯಪತ್ರವನ್ನೇ ರಿಜಿಸ್ಟರ್ ಮಾಡಿಸಿ.